ಗಟಾರದ ಮೇಲಿನ ಕೋಣೆ, ಕೋಣೆಯೊಳಗಿನ ಕಲ್ಲು

೧೯೫೪ರ ಬೇಸಿಗೆ. ನಾನಾಗ ಜಮಖಂಡಿಯ ಸಿವಿಲ್ ಕೋರ್ಟಿನಲ್ಲಿ ವಕೀಲಿ ಮಾಡುತ್ತಿದ್ದೆ. ಸಂಸ್ಥಾನಗಳು ವಿಲೀನವಾಗಿ ನಮ್ಮ ಸೀಮೆ ಮುಂಬಯಿ ರಾಜ್ಯದ ಬಿಜಾಪುರ ಜಿಲ್ಲೆಗೆ ಸೇರಿ ಕೆಲವೇ ವರ್ಷಗಳಾಗಿದ್ದವು. ಕಾಯದೆಗಳು ಹೊಸವು, ನ್ಯಾಯಾಧೀಶರು ಕೊಂಕಣದಿಂದಲೋ ಪುಣೆಯಿಂದಲೋ ವರ್ಗವಾಗಿ ಬಂದವರು, ಹಳೆಯ ದಫ್ತರಗಳು ಯಾವ ಕಚೇರಿಯ ಯಾವ ಕಪಾಟಿನಲ್ಲಿವೆ ಎಂದು ಯಾರಿಗೂ ಸರಿಯಾಗಿ ತಿಳಿಯದು. ನಮ್ಮ ತಂದೆ ಸಂಸ್ಥಾನದ ನೌಕರಿಯಲ್ಲಿದ್ದವರು. ಮನೆಯಲ್ಲಿ ಮರಾಠಿ, ಓಣಿಯಲ್ಲಿ ಕನ್ನಡ, ಕೋರ್ಟಿನಲ್ಲಿ ಇಂಗ್ಲಿಷ್ ಎಂದು ಮೂರು ಭಾಷೆಗಳ ನಡುವೆ ಬೆಳೆದವನು ನಾನು. ತಾಳ್ಮೆಯನ್ನು ಮಾತ್ರ ಒಂದು ಭಾಷೆಯಲ್ಲಿಯೂ ಕಲಿಯಲಿಲ್ಲ. ಅದಿಲ್ಲದ ವಕೀಲ ಎಷ್ಟು ಒದ್ದಾಡಬೇಕಾಗುತ್ತದೆ ಎಂಬುದನ್ನು ಈ ಒಂದು ಖಟ್ಲೆ ನನಗೆ ಚೆನ್ನಾಗಿ ತೋರಿಸಿತು.

ಕೋರ್ಟಿಗೆ ಬೇಸಿಗೆಯ ಸೂಟಿ ಬಿದ್ದು ಬಾಗಿಲು ಮುಚ್ಚಿದ ಮೇಲೆ ರಬಕವಿಯಿಂದ ಗಂಡ ಹೆಂಡತಿ ಇಬ್ಬರು ನನ್ನ ಮನೆಗೆ ಬಂದರು. ಗಂಡ ಮಲ್ಲಪ್ಪ, ನೇಕಾರ, ಮಾತು ಕಡಿಮೆ. ಹೆಂಡತಿ ಕಾಶವ್ವನಿಗೆ ಆ ಕೊರತೆ ಇರಲಿಲ್ಲ. ಹೊಸ್ತಿಲು ದಾಟುವ ಮೊದಲೇ ಆಕೆ ಹೇಳಿದಳು: "ರಾಯರ, ಬಾಜೂ ಮನಿ ಸಂಗಪ್ಪ ನಮ್ಮ ಹಿತ್ತಲ ಓಣಿ ಬಾಯಿಗೆ ಗ್ವಾಡಿ ಕಟ್ಯಾನ್ರಿ. ಗಟಾರ ಗ್ವಾಡಿ ಬುಡಕ ಹೋಗೇತಿ. ನೀವು ಒಂದು ಕಾಗದ ಕೊಟ್ರ ನಾನ ಹಾರಿ ತಗೊಂಡು ಕೆಡವ್ತೇನಿ."

ವಿಷಯ ಇಷ್ಟು. ಮಲ್ಲಪ್ಪ ಮತ್ತು ಸಂಗಪ್ಪನ ಮನೆಗಳ ಹಿಂದೆ ಒಂದು ಉದ್ದನೆಯ ಓಣಿ. ಅದರ ಒಂದು ತುದಿ ಹಳೆಯ ಊರಗೋಡೆಗೆ ತಾಗಿ ಮುಚ್ಚಿಹೋಗಿದೆ, ಇನ್ನೊಂದು ತುದಿ ಸಂಗಪ್ಪನ ಮನೆಯ ಮಗ್ಗುಲಲ್ಲಿ ಬೀದಿಗೆ ತೆರೆಯುತ್ತದೆ. ಓಣಿಯ ಒಂದು ಅಂಚಿನಲ್ಲಿ ಕಲ್ಲಿನ ಗಟಾರ. ಬಚ್ಚಲ ನೀರು, ಬಣ್ಣದ ನೀರು, ನೂಲಿಗೆ ಹಚ್ಚಿ ಮಿಕ್ಕ ಗಂಜಿ ಎಲ್ಲವೂ ಅದರಲ್ಲಿಯೇ ಹೋಗಬೇಕು. ಪಾಯಿಖಾನೆಗಳ ಹಿಂಬಾಗಿಲೂ ಆ ಓಣಿಗೇ. ಪುರಸಭೆಯ ಕೆಲಸದಾಕೆ ಯಲ್ಲವ್ವ ದಿನಾ ಬೆಳಿಗ್ಗೆ ಬೀದಿಯ ಕಡೆಯಿಂದ ಬಂದು ಪಾಯಿಖಾನೆ ತೆಗೆದು, ಗಟಾರ ಕೆದರಿ ಹೋಗುತ್ತಿದ್ದಳು. ಸಂಗಪ್ಪ ಆ ಬಾಯಿಗೇ ಒಂದು ಕೋಣೆಯ ಗೋಡೆಗಳನ್ನು ಎಬ್ಬಿಸಿದ್ದ. ಗಟಾರದ ಮೇಲೆ ಫರಸಿ ಕಲ್ಲು ಮುಚ್ಚಿ, "ನೀರು ಕೆಳಗ ಹರೀತೈತಿ, ನಿಮಗೇನು ತ್ರಾಸು?" ಎಂದಿದ್ದ.

ನೀರು ಕೆಲವು ದಿನ ಹರಿಯಿತು ಕೂಡ. ಆದರೆ ನೇಕಾರರ ಗಟಾರವನ್ನು ದಿನಾ ಕೆದರದಿದ್ದರೆ ಗಂಜಿ ತಳಕ್ಕೆ ಕೂತು ಗಾರೆಯಂತೆ ಗಟ್ಟಿಯಾಗುತ್ತದೆ. ಕೆದರುವವರು ಒಳಗೆ ಹೋಗುವಂತಿಲ್ಲ. ಗಟಾರ ಕಟ್ಟಿಕೊಂಡು ನೀರು ಹಿಂದಕ್ಕೆ ಸರಿಯಿತು, ನೆಲದಲ್ಲಿ ಜಿನುಗಿ ಮಲ್ಲಪ್ಪನ ಮಗ್ಗದ ಕುಣಿ ಸೇರಿತು. ಅವನದು ಕುಣಿಮಗ್ಗ, ಅಂದರೆ ನೆಲದಲ್ಲಿ ತೋಡಿದ ಕುಣಿಯೊಳಗೆ ಕಾಲು ಇಳಿಬಿಟ್ಟು ಕೂತು ನೇಯುವ ಮಗ್ಗ. ಕುಣಿಯಲ್ಲಿ ಹೊಲಸು ನೀರು ನಿಂತರೆ ಮಗ್ಗ ನಿಂತಂತೆ. ಮಲ್ಲಪ್ಪ ಅಂದು ಆಡಿದ್ದು ಒಂದೇ ಮಾತು: "ಮಳಿ ಹಿಡಿಯೂದರೊಳಗ ಕುಣಿ ಒಣಗಲಿಲ್ಲಂದ್ರ ಸೊಲ್ಲಾಪುರದ ಮಿಲ್ಲಿಗೆ ಹೊಂಟೆ ನಾ."

ಕಾಶವ್ವ ಗಂಡನ ಮುಖ ನೋಡಲಿಲ್ಲ. ಮಿಲ್ಲಿಗೆ ಹೋದ ನೇಕಾರರು ಹಬ್ಬಕ್ಕೆ ಬರುತ್ತಾರೆ, ಮಗ್ಗಕ್ಕೆ ಬರುವುದಿಲ್ಲ ಎಂದು ರಬಕವಿಯ ಎಲ್ಲ ಹೆಂಗಸರಿಗೂ ಗೊತ್ತಿತ್ತು.

ಮೊದಲು ಆಕೆಯ ತಲೆಯಿಂದ ಹಾರೆಯ ಮಾತು ಬಿಡಿಸಿದೆ. ದಾರಿಯ ಮೇಲೆ, ನೀರಿನ ಮೇಲೆ ಹೀಗೆ ನೆರೆಯವರ ಜಾಗದ ಮೂಲಕ ಇರುವ ಹಕ್ಕಿಗೆ ಈಸ್‌ಮೆಂಟ್ ಎನ್ನುತ್ತಾರೆ. ಅದಕ್ಕೆ ಯಾರಾದರೂ ಅಡ್ಡಿ ಮಾಡಿದರೆ ಹಕ್ಕಿನವನು ತಾನೇ ಹೋಗಿ ಕೆಡವುವಂತಿಲ್ಲ ಎಂದು ಕಾಯದೆ ಸ್ಪಷ್ಟವಾಗಿ ಹೇಳುತ್ತದೆ. ಕೆಡವಿದರೆ ಫಿರ್ಯಾದಿ ಹೋಗಿ ಆರೋಪಿಯಾಗುತ್ತಾನೆ. ಕಾಶವ್ವ ಕೇಳಿಸಿಕೊಂಡು, "ಅಂವ ಕಟ್ಟಾಕ ಕಾಯದೆ ಬ್ಯಾಡ, ನಾವು ಕೆಡವಾಕ ಬೇಕು. ಛಲೋ ಐತ್ರಿ ನಿಮ್ಮ ಕಾಯದೆ" ಎಂದಳು.

ಸೂಟಿಯಲ್ಲಿಯೇ ಅವನು ಕಟ್ಟಿದ್ದು ಆಕಸ್ಮಿಕವಲ್ಲ. ನಮ್ಮ ಕಡೆ ಬೇಲಿ ಸರಿಸುವವರೂ ಗೋಡೆ ಎಬ್ಬಿಸುವವರೂ ಪಂಚಾಂಗ ನೋಡುವುದಿಲ್ಲ, ಕೋರ್ಟಿನ ಸೂಟಿ ನೋಡುತ್ತಾರೆ. ಕಟ್ಟುತ್ತಿರುವಾಗ ಕೋರ್ಟು ತೆರೆದಿದ್ದರೆ ತಾತ್ಕಾಲಿಕ ಇಂಜಂಕ್ಷನ್, ಅಂದರೆ ಇದ್ದದ್ದು ಇದ್ದ ಹಾಗೇ ಇರಲಿ ಎಂಬ ತಡೆಯಾಜ್ಞೆ ತರಬಹುದು. ಕಟ್ಟಿ ಮುಗಿದ ಮೇಲೆ ಇದ್ದದ್ದು ಇದ್ದ ಹಾಗೇ ಎಂದರೆ ಕಟ್ಟಿದವನಿಗೇ ಲಾಭ. ತುರ್ತು ಅರ್ಜಿ ಹಿಡಿದು ಬಿಜಾಪುರದಲ್ಲಿ ಸೂಟಿಯ ಕೆಲಸ ನೋಡುವ ನ್ಯಾಯಾಧೀಶರ ಬಳಿ ಹೊರಡಲು ನಾನು ಕಾಗದ ಸಿದ್ಧ ಮಾಡುವಷ್ಟರಲ್ಲಿ ಕೋಣೆಗೆ ಮಾಳಿಗೆ ಕೂತಿತ್ತು.

ನನಗೆ ಕೂತಲ್ಲಿ ಕೂರಲಾಗಲಿಲ್ಲ. ಪುರಸಭೆಗೆ ಹೋದೆ. ಅನುಮತಿ ಇಲ್ಲದೆ ಕಟ್ಟಿದ್ದನ್ನು ತೆಗೆಯಿರಿ ಎಂದು ಅವರು ಆಗಲೇ ನೋಟಿಸು ಕೊಟ್ಟಿದ್ದರು. ಅದಕ್ಕೆ ಸಂಗಪ್ಪ, ಇದು ನನ್ನ ಸ್ವಂತ ಹಿತ್ತಲು, ಗೋಡೆ ಮೂವತ್ತು ವರ್ಷದ ಹಿಂದಿನದು, ಈಗ ಮಾಡಿದ್ದು ದುರಸ್ತಿ ಮಾತ್ರ ಎಂದು ಉತ್ತರ ಬರೆಸಿದ್ದ. ಓಣಿ ಊರಿನದೋ ಸಂಗಪ್ಪನದೋ ತೋರಿಸುವ ಸಂಸ್ಥಾನ ಕಾಲದ ನಕಾಶೆ ಸಿಗಲಿಲ್ಲ. ಮ್ಯಾಜಿಸ್ಟ್ರೇಟರ ಮುಂದೆ ಸಾರ್ವಜನಿಕ ಉಪದ್ರವದ ಅರ್ಜಿ ಕೊಟ್ಟೆ. ಅಲ್ಲಿಯೂ ಎದುರಿನವನು ಇದು ಸಾರ್ವಜನಿಕ ಓಣಿಯೇ ಅಲ್ಲ ಎಂದು ತಕರಾರು ತೆಗೆದ, ಮೊದಲು ಸಿವಿಲ್ ಕೋರ್ಟು ತೀರ್ಮಾನಿಸಲಿ ಎಂದರು. ಎಲ್ಲ ಬಾಗಿಲುಗಳೂ ಸಿವಿಲ್ ಕೋರ್ಟನ್ನೇ ತೋರಿಸುತ್ತಿದ್ದವು, ಅದಕ್ಕೋ ಬೀಗ ಬಿದ್ದಿತ್ತು.

ಆ ದಿನಗಳಲ್ಲಿಯೇ ಒಂದು ಸಲ ಜಾಗ ನೋಡಲು ರಬಕವಿಗೆ ಹೋದೆ. ಸಂಗಪ್ಪ ನನ್ನನ್ನು ತಡೆಯಲಿಲ್ಲ, ತಾನೇ ಒಳಗೆ ಕರೆದ. ಎತ್ತರದ ಆಳು, ಕಿವಿಯಲ್ಲಿ ಹಳದಿ ಲೋಲಕ, ಮಾತಿನಲ್ಲಿ ಮರ್ಯಾದೆ. "ಬರ್ರಿ ರಾಯರ, ಚಾ ಕುಡೀರಿ. ನನ್ನ ಮ್ಯಾಲ ಕೇಸು ಹಾಕಾವರು ಅಂತ ಚಾ ಬಿಡಬ್ಯಾಡ್ರಿ" ಎಂದು ನಕ್ಕ. ಇಬ್ಬರು ಗಂಡುಮಕ್ಕಳು, ಹೊಸದಾಗಿ ತಂದ ಪಾವರ್‌ಲೂಮು, ಮನೆಯೊಳಗೆ ಜಾಗವಿಲ್ಲ, ಅದಕ್ಕೇ ಈ ಕೋಣೆ ಎಂದು ತಾನಾಗಿಯೇ ಹೇಳಿದ. ಕೋಣೆಯಲ್ಲಿ ಸುಣ್ಣದ ಹಸಿ ವಾಸನೆ. ಗೋಡೆಗುಂಟ ನೂಲಿನ ಗಂಟುಗಳು. ನಡುವೆ ನೆಲದಿಂದ ಮೊಣಕಾಲೆತ್ತರ ಎದ್ದ ಒಂದು ಕಲ್ಲುಗೂಟ, ಅದಕ್ಕೆ ಅರಿಶಿನ ಕುಂಕುಮ. ಯಾವುದೋ ಮನೆದೇವರೆಂದು ನಾನು ಕೈ ಮುಗಿದು ಹೊರಬಂದೆ. ಮನುಷ್ಯ ಕೆಟ್ಟವನಲ್ಲ ಎನಿಸಿತು, ಅದರಿಂದ ಇನ್ನಷ್ಟು ಕಿರಿಕಿರಿಯಾಯಿತು. ಕೆಟ್ಟವರ ಮೇಲೆ ದಾವೆ ಹೂಡುವುದು ಸುಲಭ.

ಜೂನಿನಲ್ಲಿ ಕೋರ್ಟು ತೆರೆದ ದಿನವೇ ದಾವೆ ಹಾಕಿದೆ. ಪುರಸಭೆಯನ್ನು ಪ್ರತಿವಾದಿಯಾಗಿ ಸೇರಿಸಬೇಕಾದರೆ ಮುಂಚೆ ನೋಟಿಸು ಕೊಟ್ಟು ಗಡುವು ಕಾಯಬೇಕು, ಆ ಕಾಯುವಿಕೆ ನನಗೆ ಬೇಡವಾಗಿತ್ತು. ಸಂಗಪ್ಪನೊಬ್ಬನ ಮೇಲೆಯೇ ಹಾಕಿ, ಕಟ್ಟಿದ್ದನ್ನು ಅವನೇ ತೆಗೆಯಬೇಕೆಂಬ ಮ್ಯಾಂಡೇಟರಿ ಇಂಜಂಕ್ಷನ್ ಕೇಳಿದೆ. ಗೆಲ್ಲಬೇಕಾದರೆ ಆ ಓಣಿ ಇಪ್ಪತ್ತು ವರ್ಷ ಎಡೆಬಿಡದೆ ತೆರೆದಿತ್ತು, ದಾರಿಯೂ ನೀರೂ ಹಕ್ಕಿನಿಂದಲೇ ಹೋಗುತ್ತಿದ್ದವು ಎಂದು ಸಾಬೀತು ಮಾಡಬೇಕು. ಕಾಗದ ಒಂದೂ ಇಲ್ಲ. ಬಾಯಿಸಾಕ್ಷಿ ಮಾತ್ರ.

ಮಳೆ ಬಂತು. ಕುಣಿ ತುಂಬಿತು. ಮಲ್ಲಪ್ಪ ಸೊಲ್ಲಾಪುರಕ್ಕೆ ಹೋದ. ಕಾಶವ್ವ ಅತ್ತೆಯೊಡನೆ ಮನೆಯಲ್ಲಿ ಉಳಿದು, ಕುಣಿಯ ನೀರು ಬಕೇಟಿನಿಂದ ಎತ್ತಿ ಎತ್ತಿ ಬೀದಿಗೆ ಚೆಲ್ಲುತ್ತಿದ್ದಳು. ತಾರೀಖಿನ ಮೇಲೆ ತಾರೀಖು ಬಿದ್ದವು. ಪ್ರತಿ ತಾರೀಖಿಗೂ ಆಕೆ ರಬಕವಿಯ ಬಸ್ಸಿನಿಂದ ಇಳಿದು ಬಂದು ನನ್ನೆದುರು ನಿಂತು, "ಇವತ್ತರೆ ಆಕ್ಕೈತೇನ್ರಿ?" ಎಂದು ಕೇಳುವಳು. ಅಳುತ್ತಿದ್ದರೆ ಸಮಾಧಾನ ಹೇಳಬಹುದಿತ್ತು. ಆಕೆ ಅಳುತ್ತಿರಲಿಲ್ಲ.

ನ್ಯಾಯಾಧೀಶರು ರತ್ನಾಗಿರಿ ಕಡೆಯವರು, ಶಾಂತ ಮನುಷ್ಯ. ಕನ್ನಡ ಅರ್ಥವಾಗುತ್ತಿತ್ತು, ಮಗ್ಗ ಅರ್ಥವಾಗುತ್ತಿರಲಿಲ್ಲ. ಸಂಗಪ್ಪನ ವಕೀಲರು ನಮ್ಮ ಕೋರ್ಟಿನ ವಕೀಲರಲ್ಲಿಯೇ ಹಿರಿಯರು. ಮಲ್ಲಪ್ಪ ಸೊಲ್ಲಾಪುರದಿಂದ ಬಂದು ಸಾಕ್ಷಿ ಹೇಳಿ ಮರುದಿನವೇ ಹೋದ. ನನ್ನ ಎರಡನೆಯ ಸಾಕ್ಷಿ ಯಲ್ಲವ್ವ. ಹಿರಿಯ ವಕೀಲರು ಆಕೆಗೆ, ಓಣಿ ಯಾಕೆ ಬೇಕು, ಮಲ್ಲಪ್ಪನ ಮುಂಬಾಗಿಲಿನಿಂದಲೇ ಒಳಗೆ ಹೋಗಿ ಕೆಲಸ ಮಾಡಬಹುದಲ್ಲ ಎಂದು ಕೇಳಿದರು. ಆಕೆ ಸಾಕ್ಷಿಕಟ್ಟೆಯ ಮರದ ಕಟಕಟೆ ಮುಟ್ಟದೆ ದೂರ ನಿಂತಿದ್ದಳು.

"ಅವ್ವನ ಬೆನ್ನ ಹತ್ತಿ ಬರೂವಾಗಿಂದ ಅದ ಓಣ್ಯಾಗ ಬಂದೇನ್ರಿ. ಮುಂದಿನ ಬಾಗಲಾ ಅಂದ್ರ ಹ್ಯಾಂಗಿರ್ತೈತಿ ಅಂತ ನಾ ನೋಡಿಲ್ರಿ. ಸಂಗಪ್ಪನವರ ಬಾಗಲಾನೂ ನೋಡಿಲ್ಲ, ಮಲ್ಲಪ್ಪನವರ ಬಾಗಲಾನೂ ನೋಡಿಲ್ಲ."

ನ್ಯಾಯಾಧೀಶರು ಬರೆಯುತ್ತಿದ್ದ ಪೆನ್ನನ್ನು ಕೆಳಗಿಟ್ಟು, ಸ್ವಲ್ಪ ಹೊತ್ತಿಗೆ ಮತ್ತೆ ಎತ್ತಿಕೊಂಡರು. ನನ್ನ ಕಕ್ಷಿದಾರರಿಗೆ ಆ ಉತ್ತರದಿಂದ ಅನುಕೂಲವೇ ಆಯಿತು. ಆದರೂ ನನಗೆ ನಾಚಿಕೆಯಾಯಿತು. ನಾನು ಹಕ್ಕು ಎಂದು ದೊಡ್ಡ ದನಿಯಲ್ಲಿ ಕೇಳುತ್ತಿದ್ದ ಹಿಂದಿನ ಓಣಿ, ಆಕೆಯನ್ನು ಮುಂದಿನ ಬಾಗಿಲಿನಿಂದ ದೂರ ಇಡಲೆಂದೇ ಊರು ಮಾಡಿಕೊಂಡದ್ದಾಗಿತ್ತು. ಆ ಖಟ್ಲೆಯಲ್ಲಿ ಆಕೆಗೆ ಕೇಳಿಕೊಡುವಂಥ ಪರಿಹಾರ ಯಾವ ಕಾಯದೆಯ ಯಾವ ಕಲಮಿನಲ್ಲಿಯೂ ನನಗೆ ಸಿಗಲಿಲ್ಲ.

ವರ್ಷ ತಿರುಗಿ ೧೯೫೫ ಬಂತು, ಇನ್ನೊಂದು ಬೇಸಿಗೆಯ ಸೂಟಿ ಹತ್ತಿರವಾಯಿತು. ಸೂಟಿಯ ಮೊದಲು ತೀರ್ಪಾಗದಿದ್ದರೆ ಇನ್ನೊಂದು ಮಳೆಗಾಲ ಕುಣಿಯಲ್ಲಿ ನಿಲ್ಲುತ್ತದೆ, ಮಲ್ಲಪ್ಪ ಸೊಲ್ಲಾಪುರದಲ್ಲಿ ಕೋಣೆ ಹಿಡಿದು ಹೆಂಡತಿಯನ್ನೂ ಕರೆಸುತ್ತಾನೆ, ಮನೆಗೆ ಬೀಗ ಬೀಳುತ್ತದೆ. ನಮ್ಮ ಸಾಕ್ಷಿಗಳು ಮುಗಿದಿದ್ದವು. ಯಲ್ಲವ್ವನಿಗೆ ವರ್ಷದ ಲೆಕ್ಕ ಗೊತ್ತಿಲ್ಲ, ಮಲ್ಲಪ್ಪ ತನ್ನ ಪರವಾಗಿಯೇ ಹೇಳುವವನು, ನೆರೆಮನೆಗಳ ಉಳಿದವರು ಸಂಗಪ್ಪನ ಹತ್ತಿರ ನೂಲು ತರುವವರಾದ್ದರಿಂದ ಬಾಯಿ ಬಿಡಲಿಲ್ಲ. ಸಂಗಪ್ಪನ ಪಾಟೀಸವಾಲು, ಅಂದರೆ ಎದುರು ಪಕ್ಷದವನನ್ನು ನಾನು ಕೇಳುವ ಪ್ರಶ್ನೆಗಳು, ಅಷ್ಟೇ ಬಾಕಿ. ಏನು ಕೇಳಬೇಕೆಂದೇ ಹೊಳೆಯದೆ ಮೈಮೇಲೆ ಇರುವೆ ಬಿಟ್ಟವನಂತೆ ತಿರುಗುತ್ತಿದ್ದೆ. ಮನೆಯಲ್ಲಿ ಎಲ್ಲರ ಮೇಲೆ ರೇಗಿದೆ. ಕೊನೆಗೆ ಇನ್ನೊಮ್ಮೆ ಜಾಗ ನೋಡೋಣವೆಂದು ಬೆಳಗಿನ ಬಸ್ಸು ಹತ್ತಿದೆ.

ರಬಕವಿ ಹೊಕ್ಕ ಮೇಲೆ ಒಂದು ಕಡೆ ಬಸ್ಸು ನಿಂತಿತು. ರಸ್ತೆಯುದ್ದಕ್ಕೂ ನೇಕಾರರು ಹಾಸು ಎಳೆದಿದ್ದರು. ಸೀರೆಗೆ ಉದ್ದಕ್ಕೆ ಬರುವ ಎಳೆಗಳೇ ಹಾಸು. ಬಿಸಿಲೇರುವ ಮುಂಚೆ ಅದನ್ನು ಬಿಗಿಯಾಗಿ ಎಳೆದು ಕಟ್ಟಿ, ಕುಂಚದಿಂದ ಗಂಜಿ ಹಚ್ಚಿ, ಹರಿದ ಎಳೆಗಳನ್ನು ಗಂಟು ಹಾಕಿ ಒಣಗಿಸುತ್ತಾರೆ. ಹಾಸು ಎದ್ದ ಹೊರತು ಬಸ್ಸು ಮುಂದೆ ಹೋಗುವುದಿಲ್ಲ, ಡ್ರೈವರನೂ ಹಾರ್ನು ಹೊಡೆಯುವುದಿಲ್ಲ, ಅದು ಆ ಊರಿನ ರೀತಿ. ನಾನು ಮಾತ್ರ ಕಿಟಕಿಯಿಂದ ಗೊಣಗುತ್ತಾ ನೋಡಿದೆ. ಹಾಸಿನ ತುದಿಯನ್ನು ಒಂದು ಕಲ್ಲುಗೂಟಕ್ಕೆ ಕಟ್ಟಿದ್ದರು. ಗೂಟಕ್ಕೆ ಅರಿಶಿನ ಕುಂಕುಮ ಹಚ್ಚಿತ್ತು. ಸಂಗಪ್ಪನ ಕೋಣೆಯಲ್ಲಿ ನಾನು ಕೈ ಮುಗಿದ ದೇವರು ಇದೇ.

ಬಸ್ಸಿನಿಂದ ಜಿಗಿದು ಕಾಶವ್ವನ ಮನೆಗೆ ನಡೆದೆ, ನಡೆದೆ ಎನ್ನುವುದಕ್ಕಿಂತ ಓಡಿದೆ. "ಸಂಗಪ್ಪನ ಕೋಣ್ಯಾಗಿನ ಕಲ್ಲು ಹಾಸು ಕಟ್ಟೂದೇನು? ಅದರ ಜೋಡಿ ಕಲ್ಲು ಎಲ್ಲೈತಿ?"

"ನಮ್ಮ ಹಿತ್ತಲ ಬೇವಿನ ಗಿಡದ ಬುಡಕ್ಕ ಐತ್ರಿ. ನಮ್ಮ ಮಾವ, ಸಂಗಪ್ಪನ ಅಪ್ಪ ಕೂಡಿ ನೆಟ್ಟದ್ದು. ಎರಡೂ ಮನಿ ಹಾಸು ಅಲ್ಲೇ ಹಾಸತಿದ್ವಿ."

"ಇದನ್ನ ಮೊದಲ ಯಾಕ ಹೇಳಲಿಲ್ಲ?"

"ಗಟಾರದ ಕೇಸಿನ್ಯಾಗ ಹಾಸಿನ ಮಾತು ಯಾಕ ಬೇಕ್ರಿ?"

ಹಿತ್ತಲಿಗೆ ಹೋಗಿ ನೋಡಿದೆ. ಬೇವಿನ ಬುಡದಲ್ಲಿ ಒಂದು ಕಲ್ಲು. ಅಲ್ಲಿಂದ ಕಣ್ಣು ನೇರ ಹಾಯಿಸಿದರೆ ಸಂಗಪ್ಪನ ಗೋಡೆ. ಗೋಡೆಯ ಆಚೆ, ಕೋಣೆಯ ನಡುವೆ, ಇನ್ನೊಂದು ಕಲ್ಲು. ಎರಡು ಕಲ್ಲುಗಳ ನಡುವೆ ಗೋಡೆ ಇದ್ದಿದ್ದರೆ ಹಾಸು ಕಟ್ಟುವುದಾದರೂ ಹೇಗೆ? ಕೋಣೆ ಕಟ್ಟುವಾಗ ಆ ಕಲ್ಲನ್ನು ಕಿತ್ತೆಸೆದಿದ್ದರೆ ನನಗೆ ಏನೂ ಸಿಗುತ್ತಿರಲಿಲ್ಲ. ದಸರೆಗೆ ಪೂಜೆಗೊಳ್ಳುತ್ತಿದ್ದ, ಅಪ್ಪ ನೆಟ್ಟ ಕಲ್ಲನ್ನು ಕೀಳಲು ಅವನಿಗೆ ಮನಸ್ಸು ಬಂದಿರಲಿಲ್ಲ, ಸುತ್ತಲೇ ಕೋಣೆ ಎಬ್ಬಿಸಿದ್ದ.

ಆದರೆ ಕಲ್ಲು ತಾನಾಗಿ ಮಾತಾಡುವುದಿಲ್ಲ. ಅದು ಹಿಟ್ಟು ಕುಟ್ಟುವ ಕಲ್ಲೆಂದೋ ದೇವರೆಂದೋ ಅವನು ಹೇಳಬಹುದು. ಹಾಸು ಎಲ್ಲಿ ಹಾಸುತ್ತಿದ್ದಿರಿ ಎಂದು ನೇರ ಕೇಳಿದರೆ ಹಿರಿಯ ವಕೀಲರು ಕಣ್ಣಿನಲ್ಲಿಯೇ ಎಚ್ಚರಿಸುತ್ತಾರೆ, ಅವನು ಊರಹೊರಗೆ ಎಂದು ಹೇಳಿ ಮುಗಿಸುತ್ತಾನೆ. ಬೇರೆ ಕಡೆಯಿಂದ ಹೋಗಬೇಕಿತ್ತು.

ಆ ದಿನ ಸಂಗಪ್ಪ ಇಸ್ತ್ರಿ ಅಂಗಿ ತೊಟ್ಟು ಬಂದಿದ್ದ. ಗೋಡೆ ಮೂವತ್ತು ವರ್ಷದ್ದು, ಒಳಗೆ ಹೊರಗಿನವರಾರೂ ಕಾಲಿಟ್ಟಿಲ್ಲ ಎಂದು ಪ್ರಮಾಣ ಮಾಡಿ ಹೇಳಿದ. ನಾನು ಎದ್ದು ಗೋಡೆಯ ಮಾತನ್ನೇ ಎತ್ತಲಿಲ್ಲ. "ನಿಮ್ಮ ತಂದೆಯವರು ಹೆಸರಾದ ನೇಕಾರರಂತಲ್ಲ?" ಎಂದೆ. ಅವನ ಮುಖ ಅರಳಿತು. ಹೌದು, ಅಪ್ಪನ ಸೀರೆ ಹುಬ್ಬಳ್ಳಿ ಪೇಟೆಗೆ ಹೋದರೆ ಬಿಚ್ಚಿ ನೋಡದೆ ಒಯ್ಯುತ್ತಿದ್ದರು ಎಂದ.

"ಆದರ ಅವರ ಹಾಸಿನ ಎಳಿಗೆ ಗಂಜಿ ಹಚ್ಚಿದ್ದು ಬ್ಯಾರೆಯವರಂತ. ಬ್ಯಾರೆಯವರ ಅಂಗಳದಾಗ, ಬ್ಯಾರೆಯವರ ಕೈಲೆ ಮಾಡಿಸ್ಕೊಂಡು ತರ್ತಿದ್ರಂತ. ಹೌದೇನು?"

ಹಾಗೆ ಯಾರೂ ಹೇಳಿರಲಿಲ್ಲ. ಪಾಟೀಸವಾಲಿನಲ್ಲಿ ಇಂಥ ಸೂಚನೆ ಹಾಕುವುದಕ್ಕೆ ವಕೀಲನಿಗೆ ಅವಕಾಶ ಉಂಟು. ಹಿರಿಯ ವಕೀಲರು ಎದ್ದು, ಈ ಪ್ರಶ್ನೆಗೂ ದಾವೆಗೂ ಏನು ಸಂಬಂಧ ಎಂದು ಆಕ್ಷೇಪಿಸಿದರು. ಅಷ್ಟರಲ್ಲಿ ಸಂಗಪ್ಪ ಕಟಕಟೆ ಹಿಡಿದು ಮುಂದೆ ಬಾಗಿದ್ದ.

"ಯಾಂವ ಅಂದಾಂವ? ನಮ್ಮಪ್ಪನ ಹಾಸು ಇನ್ನೊಬ್ಬರ ಕೈ ಕಂಡಿಲ್ಲ, ಇನ್ನೊಬ್ಬರ ಅಂಗಳ ಕಂಡಿಲ್ಲ! ನನ್ನ ಕೋಣ್ಯಾಗ ಕಲ್ಲು ಐತಿ, ಬಂದು ನೋಡ್ರಿ. ಆ ಕಲ್ಲಿನಿಂದ ಮಲ್ಲಪ್ಪನ ಬೇವಿನ ಗಿಡದ ಕಲ್ಲಿನ ತನಕ ನೆಟ್ಟಗ ಎಳದು ಕಟ್ಟತಿದ್ವಿ. ಒಂದು ಎಳಿ ಎಲ್ಲೂ ತಾಗತಿದ್ದಿಲ್ಲ. ನಾನೂ ಹಾಸೇನಿ. ಪಾವರ್‌ಲೂಮ್ ಬರೂತನಕ ನಾನ ಹಾಸೇನಿ!"

ಕೊನೆಯ ಮಾತು ಬಾಯಿಂದ ಬಿದ್ದ ಮೇಲೆ ಅವನಿಗೆ ತಿಳಿಯಿತು. ತನ್ನ ವಕೀಲರ ಕಡೆ ನೋಡಿದ. ಅವರು ಕಾಗದ ಜೋಡಿಸುತ್ತಿದ್ದರು. ಆಮೇಲೆ ನನ್ನ ಕಡೆ ನೋಡಿದ. ಆ ನೋಟದಲ್ಲಿ ಸಿಟ್ಟಿರಲಿಲ್ಲ. ಮನೆಗೆ ಕರೆದು ಯಾರಿಗೆ ಚಹಾ ಕೊಟ್ಟೆನೋ ಅವರ ಕೈಯಲ್ಲಿಯೇ ಹೀಗಾಯಿತಲ್ಲ ಎಂಬ ಅಚ್ಚರಿ ಇತ್ತು. ನಾನು, ಇನ್ನು ಪ್ರಶ್ನೆಗಳಿಲ್ಲ ಎಂದು ಕೂತೆ. ಗೆದ್ದೆನೆಂದು ಗೊತ್ತಿತ್ತು.

ನ್ಯಾಯಾಧೀಶರು ತಾವೇ ಬಂದು ಎರಡೂ ಕಲ್ಲು ನೋಡಿದರು. ಕಾಶವ್ವನ ಮಗ್ಗದ ಕುಣಿಯ ಅಂಚಿನಲ್ಲಿ ನಿಂತು ಮೂಗಿಗೆ ಕರವಸ್ತ್ರ ಹಿಡಿಯದೆ ಒಳಗೆ ಬಗ್ಗಿ ನೋಡಿದರು. ಸೂಟಿ ಬೀಳುವ ಮುಂಚೆಯೇ ಡಿಕ್ರಿ ಆಯಿತು: ಕೋಣೆ ತೆಗೆಯಬೇಕು, ಗಟಾರ ತೆರೆಯಬೇಕು, ಓಣಿಗೆ ಮತ್ತೆ ಅಡ್ಡಿ ಮಾಡಕೂಡದು.

ನನ್ನ ಒದ್ದಾಟ ಅಲ್ಲಿಗೂ ನಿಲ್ಲಲಿಲ್ಲ. ಅಪೀಲು ಹಾಕಿ ತಡೆ ತಂದರೆ ಮತ್ತೆ ಒಂದು ಮಳೆಗಾಲ. ತಡೆಯಲಾರದೆ ಒಂದು ದಿನ ಸಂಗಪ್ಪನ ಮನೆಗೇ ಹೋದೆ. ಆಳುಗಳು ಕೋಣೆಯ ಮಾಳಿಗೆ ಇಳಿಸುತ್ತಿದ್ದರು. ಅವನು ಕಟ್ಟೆಯ ಮೇಲೆ ಕೂತಿದ್ದ. ಒಳಗೆ ಕೂಗಿ ಚಹಾ ಹೇಳಿದ. ಆಮೇಲೆ ನನ್ನ ಕಡೆ ನೋಡದೆ ಅಂದ:

"ವಕೀಲರು ಅಪೀಲು ಅಂದ್ರು, ನಾ ಒಲ್ಲೆ ಅಂದೆ. ಅಪೀಲು ಮಾಡ್ಬೇಕಂದ್ರ ನಾ ಅವತ್ತು ಹೇಳಿದ್ದು ಸುಳ್ಳ ಅನ್ನಬೇಕು. ಗ್ವಾಡಿ ಬಗ್ಗೆ ಸುಳ್ಳ ಹೇಳಿದ್ನಿ ರಾಯರ, ಅದು ನಂದು. ಹಾಸು ನಮ್ಮಪ್ಪಂದು."

ನಾನು ಚಹಾ ಕುಡಿದೆ.

ಮಳೆಗೆ ಮುಂಚೆ ಯಲ್ಲವ್ವ ಗಟಾರ ಕೆದರಿದಳು, ಕುಣಿ ಒಣಗಿತು. ಕಾಶವ್ವ ಸೊಲ್ಲಾಪುರಕ್ಕೆ ಹೋಗುವವರ ಕೈಯಲ್ಲಿ ಒಂದೇ ಮಾತು ಹೇಳಿ ಕಳಿಸಿದ್ದಳಂತೆ: ಕುಣಿ ಒಣಗೇತಿ. ಮಲ್ಲಪ್ಪ ಬಂದ. ಅವನು ಮೊದಲ ಹಾಸು ಎಳೆದ ದಿನ ಆಕೆ ನನ್ನನ್ನು ಕರೆಸಿದ್ದಳು. ಬೇವಿನ ಬುಡದಿಂದ ಓಣಿಯ ಬಾಯಲ್ಲಿದ್ದ ಕಲ್ಲಿನವರೆಗೆ ಎಳೆಗಳು ಬಿಗಿಯಾಗಿ ನಿಂತಿದ್ದವು. ಮಲ್ಲಪ್ಪ ಕುಂಚ ಹಿಡಿದು ಒಂದು ತುದಿಯಲ್ಲಿ, ಕಾಶವ್ವ ಇನ್ನೊಂದು ತುದಿಯಲ್ಲಿ. ಸಂಗಪ್ಪ ತನ್ನ ಹಿಂಬಾಗಿಲಲ್ಲಿ ನಿಂತು ಸುಮ್ಮನೆ ನೋಡುತ್ತಿದ್ದ. ಅವನ ಪಾವರ್‌ಲೂಮಿಗೆ ಗಂಜಿ ಹಚ್ಚಿದ ಹಾಸು ಹೊರಗಿನಿಂದ ಬರುತ್ತಿತ್ತು, ಆ ಓಣಿಯಿಂದ ಅವನಿಗೆ ಆಗಬೇಕಾದದ್ದು ಏನೂ ಉಳಿದಿರಲಿಲ್ಲ. ನಡುವೆ ಎಲ್ಲಿಯೋ ನಾಲ್ಕಾರು ಎಳೆ ಹರಿದವು. ಗಂಡ ಹೆಂಡತಿ ಇಬ್ಬರಿಗೂ ಅದು ಕಾಣಲಿಲ್ಲ. ಸಂಗಪ್ಪ ಇಳಿದು ಬಂದ, ಬಗ್ಗಿದ, ಬೆರಳು ತೇವ ಮಾಡಿಕೊಂಡು ಒಂದೊಂದಾಗಿ ಗಂಟು ಹಾಕಿದ, ಎದ್ದು ಒಳಗೆ ಹೋದ. ಮಲ್ಲಪ್ಪನೊಡನೆ ಮಾತಾಡಲಿಲ್ಲ, ಆಮೇಲೂ ಎಷ್ಟೋ ವರ್ಷ ಆಡಲಿಲ್ಲವಂತೆ.

ನೆರೆಯವನ ಗೋಡೆ ಗಟಾರಕ್ಕೆ ಅಡ್ಡವಾದರೆ ಏನು ಮಾಡಬೇಕೆಂದು ಕೇಳಲು ಮುಂದೆ ಬಹಳ ಜನ ನನ್ನ ಬಳಿ ಬಂದರು. ಪುರಸಭೆಗೆ ಅರ್ಜಿ ಕೊಡಿ, ಕೋರ್ಟಿನ ಸೂಟಿಗೆ ಮುಂಚೆಯೇ ಬನ್ನಿ, ಹಾರೆ ಮುಟ್ಟಬೇಡಿ ಎಂದು ಎಲ್ಲರಿಗೂ ಹೇಳಿದ್ದೇನೆ. ಈ ಖಟ್ಲೆ ನನಗೆ ಕಲಿಸಿದ್ದು ಅದಲ್ಲ. ಸಾಕ್ಷಿಕಟ್ಟೆಗೆ ಒಬ್ಬ ಹತ್ತಿದರೆ ಅವನು ಎಲ್ಲಿ ಸುಳ್ಳು ಹೇಳುತ್ತಾನೆ ಎಂದು ಹುಡುಕುವುದನ್ನು ಅಂದಿನಿಂದ ಬಿಟ್ಟೆ, ಯಾವುದರ ಬಗ್ಗೆ ಸುಳ್ಳು ಹೇಳಲಾರ ಎಂದು ಹುಡುಕತೊಡಗಿದೆ. ಮಲ್ಲಪ್ಪನ ಕುಣಿ ಒಣಗಬೇಕಾದರೆ ಬೇರೆ ದಾರಿ ಇರಲಿಲ್ಲ, ಇನ್ನೊಮ್ಮೆ ಅದೇ ಪ್ರಸಂಗ ಬಂದರೂ ಅದೇ ಪ್ರಶ್ನೆ ಕೇಳುತ್ತೇನೆ. ಹಾಗೆ ಹುಡುಕಿ ಸಿಕ್ಕಾಗಲೆಲ್ಲ ಖಟ್ಲೆ ಗೆದ್ದಿದ್ದೇನೆ, ಮತ್ತು ಗೆದ್ದ ಆ ಸಂಜೆಗಳಲ್ಲಿ ನನಗೆ ಊಟ ಸೇರಿಲ್ಲ.